ಗಿರೀಶ್ ಕಾರ್ನಾಡರ ಇನ್ನೊಂದು ಕೆಲಸ

ಈ ಸಂಚಿಕೆಗೆ ಯಾರಾದರೊಬ್ಬರ ವೃತ್ತಿಜೀವನದ ಬಗ್ಗೆ ಬರೆಯಬೇಕೆಂದು ಕನ್ನಡ ಸರ್ ಹೇಳಿದಾಗ ನಮ್ಮ ಕಾಮರ್ಸ್ ತರಗತಿಯ ಹೆಚ್ಚಿನವರು ಉದ್ಯಮಿಗಳ ಹೆಸರು ಕೊಟ್ಟರು. ನಾನು ಗಿರೀಶ್ ಕಾರ್ನಾಡರ ಹೆಸರು ಕೊಟ್ಟೆ. "ನಾಟಕಕಾರರಲ್ವಾ, ಅದು ಎಲ್ಲರಿಗೂ ಗೊತ್ತಿರುವ ವಿಷಯ" ಎಂದರು ಸರ್. ನಾಟಕ ಬಿಟ್ಟು ಬರೆಯುತ್ತೇನೆ, ಅವರು ತೆಗೆದ ಸಾಕ್ಷ್ಯಚಿತ್ರಗಳ ಬಗ್ಗೆ ಬರೆಯುತ್ತೇನೆ ಎಂದೆ.

ಇದಕ್ಕೆ ಕಾರಣ ನನ್ನ ಅಬ್ಬಾ. ಪಿಯುಸಿ ಆದ ಮೇಲೆ ಸಾಕ್ಷ್ಯಚಿತ್ರ ಮಾಡುವುದನ್ನು ಕಲಿಯಬೇಕೆಂಬ ಆಸೆ ನನಗಿದೆ. ಅಬ್ಬಾ ಕಡಬದ ಒಂದು ಬಟ್ಟೆ ಅಂಗಡಿಯಲ್ಲಿ ಲೆಕ್ಕ ಬರೆಯುವವರು. ಅವರು ಬೈಯಲಿಲ್ಲ. "ಅದರಲ್ಲಿ ಹೊಟ್ಟೆ ತುಂಬುತ್ತದಾ?" ಎಂದು ಮಾತ್ರ ಕೇಳಿದರು. ನನ್ನ ಹತ್ತಿರ ಉತ್ತರ ಇರಲಿಲ್ಲ.

ಇನ್ನೊಂದು ಕಾರಣವೂ ಇದೆ. ನಮ್ಮ ಮನೆಯಲ್ಲಿ ಉರ್ದು. ಪೆರಾಬೆಯಲ್ಲಿ ಹೊರಗೆ ಕಾಲಿಟ್ಟರೆ ತುಳು, ಕ್ಲಾಸಿನಲ್ಲಿ ಗೆಳತಿಯರದ್ದು ಬ್ಯಾರಿ. ಕನ್ನಡ ನನಗೆ ಶಾಲೆಯಿಂದ ಬಂದ ಭಾಷೆ. ಎಂಟನೇ ತರಗತಿಯಲ್ಲಿ ಒಂದು ನಾಟಕದಲ್ಲಿ ನನ್ನ ಉಚ್ಚಾರ ಕೇಳಿ ಸಭೆ ನಕ್ಕಿತ್ತು. ಆಮೇಲೆ ನಾನು ವೇದಿಕೆ ಹತ್ತಿಲ್ಲ. ಕಾರ್ನಾಡರ ಮನೆಮಾತು ಕೊಂಕಣಿ, ಮೊದಲು ಕಲಿತದ್ದು ಮರಾಠಿಯಲ್ಲಿ ಎಂದು ಓದಿದಾಗ ಆ ಪುಟವನ್ನು ಎರಡು ಸಲ ಓದಿದೆ. ಅವರು 1938ರಲ್ಲಿ ಮಹಾರಾಷ್ಟ್ರದ ಮಾಥೇರಾನ್‌ನಲ್ಲಿ ಹುಟ್ಟಿದವರು. ಬೆಳೆದದ್ದು ಶಿರಸಿ ಮತ್ತು ಧಾರವಾಡದಲ್ಲಿ. ಧಾರವಾಡದ ಕರ್ನಾಟಕ ಕಾಲೇಜಿನಲ್ಲಿ ಗಣಿತ ಮತ್ತು ಸಂಖ್ಯಾಶಾಸ್ತ್ರ ಓದಿ, ರೋಡ್ಸ್ ವಿದ್ಯಾರ್ಥಿವೇತನ ಪಡೆದು ಆಕ್ಸ್‌ಫರ್ಡ್‌ಗೆ ಹೋದರು. (ಸಂಖ್ಯಾಶಾಸ್ತ್ರ ನಮಗೂ ಇದೆ, ಆದರೆ ಆ ಮಾತು ಇಲ್ಲಿ ಬೇಡ.) 1963ರಿಂದ 1970ರವರೆಗೆ ಮದರಾಸಿನಲ್ಲಿ ಆಕ್ಸ್‌ಫರ್ಡ್ ಯೂನಿವರ್ಸಿಟಿ ಪ್ರೆಸ್‌ನಲ್ಲಿ ಕೆಲಸ ಮಾಡಿದರು. ಆ ಭದ್ರ ನೌಕರಿಯನ್ನು ತಾವಾಗಿಯೇ ಬಿಟ್ಟರು. ಈ ಸಾಲನ್ನು ಅಬ್ಬಾಗೆ ಓದಿ ಹೇಳಬಾರದಿತ್ತು!

1970ರಲ್ಲಿ 'ಸಂಸ್ಕಾರ' ಬಂತು. ಅನಂತಮೂರ್ತಿಯವರ ಕಾದಂಬರಿಯ ಈ ಚಿತ್ರಕ್ಕೆ ಚಿತ್ರಕಥೆ ಬರೆದದ್ದೂ ಪ್ರಾಣೇಶಾಚಾರ್ಯರ ಪಾತ್ರ ಮಾಡಿದ್ದೂ ಕಾರ್ನಾಡರೇ. ಸೆನ್ಸಾರ್ ಮಂಡಳಿ ಮೊದಲು ತಡೆದ ಆ ಚಿತ್ರಕ್ಕೇ ಮುಂದೆ ದೇಶದ ಅತ್ಯುತ್ತಮ ಚಿತ್ರ ಪ್ರಶಸ್ತಿ ಬಂತು.

ಇದಾದ ಎರಡು ವರ್ಷಕ್ಕೆ, 1972ರಲ್ಲಿ, ಅವರು ಕವಿ ದ.ರಾ. ಬೇಂದ್ರೆಯವರ ಬಗ್ಗೆ ಒಂದು ಸಾಕ್ಷ್ಯಚಿತ್ರ ನಿರ್ದೇಶಿಸಿದರು. ಬೇಂದ್ರೆ 1896ರಲ್ಲಿ ಹುಟ್ಟಿದವರು, ಆಗ ಅವರಿಗೆ 76 ವರ್ಷ. ಜ್ಞಾನಪೀಠ ಇನ್ನೂ ಬಂದಿರಲಿಲ್ಲ. ಬೇಂದ್ರೆಯವರ ಮನೆಮಾತು ಮರಾಠಿ. ಅಂದರೆ ಕೊಂಕಣಿ ಮನೆಯವರೊಬ್ಬರು ಮರಾಠಿ ಮನೆಯ ಕನ್ನಡ ಕವಿಯ ಎದುರು ಕ್ಯಾಮೆರಾ ಇಟ್ಟರು.

ಆ ಕ್ಯಾಮೆರಾದ ಖರ್ಚು ಯಾರದು? ವಾಣಿಜ್ಯ ಓದುವವರು ಮೊದಲು ಕೇಳಬೇಕಾದ ಪ್ರಶ್ನೆ ಇದು. ನಿರ್ದೇಶಕ ಚಿತ್ರ ಮಾಡುವವನು, ನಿರ್ಮಾಪಕ ಬಂಡವಾಳ ಹಾಕುವವನು. ಬೇಂದ್ರೆ ಚಿತ್ರದ ನಿರ್ಮಾಪಕರು ಕೇಂದ್ರ ಸರ್ಕಾರದ ಫಿಲ್ಮ್ಸ್ ಡಿವಿಜನ್. 1948ರಲ್ಲಿ ಬೊಂಬಾಯಿಯಲ್ಲಿ ಶುರುವಾದ ಈ ಸಂಸ್ಥೆ ಸಮಾಚಾರ ಚಿತ್ರ ಮತ್ತು ಸಾಕ್ಷ್ಯಚಿತ್ರಗಳನ್ನು ಮಾಡುತ್ತಿತ್ತು. ಸಿನಿಮಾ ಶುರುವಾಗುವ ಮೊದಲು ಅಂಥ ಚಿತ್ರ ತೋರಿಸುವುದು ಟಾಕೀಸಿನವರಿಗೆ ಕಡ್ಡಾಯ, ಅದಕ್ಕೆ ಅವರೇ ಬಾಡಿಗೆಯನ್ನೂ ಕೊಡಬೇಕಿತ್ತು. ನನ್ನ ದಾದಿಗೆ ಇದು ನೆನಪಿದೆ. ಮದುವೆಯಾದ ಹೊಸತರಲ್ಲಿ ದಾದಾ ಪುತ್ತೂರಿಗೆ ಪಿಕ್ಚರಿಗೆ ಕರೆದುಕೊಂಡು ಹೋದಾಗ "ಮೊದಲು ಸರ್ಕಾರದ ರೀಲು ಬರುತ್ತಿತ್ತು, ನೆರೆ, ಅಣೆಕಟ್ಟು, ನೆಹರೂ" ಎನ್ನುತ್ತಾರೆ. ಈ ಸಂಸ್ಥೆಯ ಮುಖ್ಯ ನಿರ್ಮಾಪಕರಾಗಿದ್ದ ಎಜ್ರಾ ಮೀರ್ ಕೂಡ ಮೊದಲು ರಂಗನಟರು. 2022ರಲ್ಲಿ ಫಿಲ್ಮ್ಸ್ ಡಿವಿಜನ್ ಅನ್ನು ಎನ್‌ಎಫ್‌ಡಿಸಿಯೊಳಗೆ ಸೇರಿಸಲಾಯಿತು.

ಆದರೆ ನನಗೆ ಸಿಕ್ಕ ಪಟ್ಟಿಯಲ್ಲಿ 1972ರ ನಂತರ ಕಾರ್ನಾಡರ ಸಾಕ್ಷ್ಯಚಿತ್ರ ಕಾಣುವುದು 1988ರಲ್ಲಿ. ನಡುವೆ 16 ವರ್ಷ. ಅಬ್ಬಾನ ಪ್ರಶ್ನೆಗೆ ಉತ್ತರ ಇರುವುದು ಈ ಖಾಲಿ ಜಾಗದಲ್ಲೇ. ಆ ವರ್ಷಗಳಲ್ಲಿ ಅವರು ಕಥಾಚಿತ್ರ ನಿರ್ದೇಶಿಸಿದರು, ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್‌ಗೆ ನಿರ್ದೇಶಕರಾದರು, ಮತ್ತು ನಟಿಸಿದರು. ಹಿಂದಿ ಸಿನಿಮಾದಲ್ಲಿ ನಟಿಸಿದ್ದು ಹಣಕ್ಕಾಗಿ ಎಂದು ಅವರು ಮುಚ್ಚಿಟ್ಟವರಲ್ಲ. ಸಾಕ್ಷ್ಯಚಿತ್ರ ಅವರ ಮನೆ ನಡೆಸಲಿಲ್ಲ, ನಟನೆ ನಡೆಸಿತು. ಅಬ್ಬಾ, ನಿಮ್ಮ ಅನುಮಾನ ಅರ್ಧ ಸರಿ.

ಆದರೂ ಆ ನಟನೆಗಳಲ್ಲಿ ಒಂದನ್ನು ಬಿಡುವಂತಿಲ್ಲ. ಶ್ಯಾಮ್ ಬೆನಗಲ್ ಅವರ 'ಮಂಥನ್' (1976). ಕಾರ್ನಾಡರು ಅದರಲ್ಲಿ ಹಳ್ಳಿಗೆ ಬಂದು ಹಾಲಿನ ಸಹಕಾರಿ ಸಂಘ ಕಟ್ಟುವ ಪಶುವೈದ್ಯ. ಬೆನಗಲ್ ಅದಕ್ಕೂ ಮೊದಲು ಹೈನುಗಾರಿಕೆಯ ಬಗ್ಗೆ ಸಾಕ್ಷ್ಯಚಿತ್ರಗಳನ್ನು ಮಾಡಿದ್ದರು, ಕಥೆ ಹುಟ್ಟಿದ್ದು ಆ ಓಡಾಟದಿಂದ. ಇದಕ್ಕೆ ಬಂಡವಾಳ ಹಾಕಿದವರು ಗುಜರಾತಿನ 5 ಲಕ್ಷ ಹಾಲು ಉತ್ಪಾದಕರು, ತಲಾ 2 ರೂಪಾಯಿ. ಗುಣಿಸಿ ನೋಡಿ: 10 ಲಕ್ಷ. ನಿರ್ಮಾಪಕರೇ ಪ್ರೇಕ್ಷಕರಾಗಿ ಲಾರಿಗಳಲ್ಲಿ ಬಂದು ನೋಡಿದರು. 2024ರಲ್ಲಿ ಆ ಚಿತ್ರದ ದುರಸ್ತಿಯಾದ ಪ್ರತಿ ಕಾನ್ ಚಿತ್ರೋತ್ಸವದಲ್ಲಿ ಪ್ರದರ್ಶನವಾಯಿತು. ನಮ್ಮ ಅಮ್ಮಿಯೂ ದಿನಾ ಬೆಳಿಗ್ಗೆ ಸೊಸೈಟಿಗೆ ಹಾಲು ಹಾಕುವವರು. ಈ ಲೆಕ್ಕ ಹೇಳಿದಾಗ ಅವರು ಕ್ಯಾನ್ ತೊಳೆಯುತ್ತಾ, "ಎರಡು ರೂಪಾಯಿಯಾದರೆ ನಾನೂ ಕೊಡುತ್ತೇನೆ" ಎಂದರು. ನನ್ನ ಮೊದಲ ನಿರ್ಮಾಪಕಿ.

1988ರ ಚಿತ್ರ 'ಕನಕ ಪುರಂದರ', ಇಬ್ಬರು ದಾಸರ ಬಗ್ಗೆ. ಮರುವರ್ಷದ್ದು ಭಕ್ತಿ ಮತ್ತು ಸೂಫಿ ಪರಂಪರೆಯ ಬಗ್ಗೆ, 'ದಿ ಲ್ಯಾಂಪ್ ಇನ್ ದಿ ನಿಶ್', ಅಂದರೆ ಗೂಡಿನೊಳಗಿನ ದೀಪ. ಎರಡಕ್ಕೂ ರಾಷ್ಟ್ರಪ್ರಶಸ್ತಿ ಬಂತು. ಕುರ್‌ಆನಿನ ಅನ್ನೂರ್ ಅಧ್ಯಾಯ ಓದಿದವರಿಗೆ ಆ ಹೆಸರು ಕೇಳಿದ ಕೂಡಲೇ ಅಲ್ಲಿನ ಉಪಮೆ ನೆನಪಾಗುತ್ತದೆ. ನನಗೂ ಆಯಿತು. ಬೇಂದ್ರೆಯವರು ಎದುರಿಗೇ ಇದ್ದರು, ಆದರೆ ಕನಕದಾಸರ ಅಥವಾ ಸೂಫಿಗಳ ಮುಖವನ್ನು ಯಾವ ಕ್ಯಾಮೆರಾವೂ ಕಂಡಿಲ್ಲ. ಇಂಥ ಕಡೆ ಚಿತ್ರ ಮಾಡುವವರಿಗೆ ಉಳಿಯುವುದು ಊರು, ಕಲ್ಲು, ಹಾಡು ಮತ್ತು ಹಾಡುವವರು.

ಕಾರ್ನಾಡರು 2019ರ ಜೂನ್ 10ರಂದು ತೀರಿಕೊಂಡರು. ಮರುದಿನದ ಪತ್ರಿಕೆಗಳಲ್ಲಿ ನಾಟಕ ಮತ್ತು ಸಿನಿಮಾದ ಪಟ್ಟಿಯೇ ದೊಡ್ಡದಿದ್ದಿರಬೇಕು, ನಾನಾಗ ಚಿಕ್ಕವಳು.

ನನ್ನ ದಾದಿಗೂ ಈಗ 76. ಈಚೆಗೆ ಹೆಸರುಗಳು ಮರೆತುಹೋಗುತ್ತಿವೆ, ನನ್ನನ್ನು ಅತ್ತೆಯ ಹೆಸರಿನಿಂದ ಕರೆಯುತ್ತಾರೆ. ಹೋದ ಭಾನುವಾರ ಮೊಬೈಲನ್ನು ಅಕ್ಕಿ ಡಬ್ಬಕ್ಕೆ ಒರಗಿಸಿಟ್ಟು ಅವರನ್ನು ಮಾತಾಡಿಸಿದೆ. "ಇದನ್ನು ಯಾರು ನೋಡುತ್ತಾರೆ?" ಎಂದರು. ಒಳ್ಳೆಯ ದುಪಟ್ಟಾ ಬೇಕೆಂದರು, ತಂದುಕೊಟ್ಟೆ. ಆಮೇಲೆ ಪುತ್ತೂರಿನ ಟಾಕೀಸು, ದಾದಾ ಕೊಡಿಸಿದ ಸೋಡಾ, ವಾಪಸು ಬರುವಾಗ ಮಳೆಗೆ ತಪ್ಪಿದ ಕೊನೆಯ ಬಸ್ಸು, ಹೀಗೆ 14 ನಿಮಿಷ. ನಡುವೆ ಅಬ್ಬಾ ಒಳಗೆ ಬಂದರು. ಏನಾದರೂ ಹೇಳುತ್ತಾರೆ ಅಂದುಕೊಂಡೆ. ಮೊಬೈಲನ್ನೊಮ್ಮೆ ನೋಡಿ, ಶಬ್ದ ಬರುತ್ತದೆಂದು ಫ್ಯಾನ್ ಆಫ್ ಮಾಡಿ ಹೊರಗೆ ಹೋದರು.