ವ್ಯಾಲೆಂಟಿನ್ ವಾಲಾ (1909–1976): ಫಿನ್‌ಲೆಂಡ್‌ನ ನಿರ್ದೇಶಕ, ಸಂಕಲನಕಾರ

ಹುಟ್ಟಿದ್ದು ಹೆಲ್ಸಿಂಕಿಯಲ್ಲಿ, ಮೂಲ ಹೆಸರು ವ್ಯಾಲೆಂಟಿನ್ ಇವಾನೋಫ್. ಗೆಳೆಯ ತೆಯುವೊ ತುಲಿಯೊನನ್ನು ನಾಯಕನನ್ನಾಗಿಸಿ 1929ರಲ್ಲಿ ಮೊದಲ ಮೂಕಿಚಿತ್ರ ‘ಮುಸ್ತಾತ್ ಸಿಲ್ಮಾತ್’ ತೆಗೆದಾಗ ವಯಸ್ಸು ಬರೀ 19. ತನ್ನ ಹಲವು ಚಿತ್ರಗಳನ್ನು ತಾನೇ ಸಂಕಲಿಸಿದ. ಅವನ ನಗರ ಹಾಸ್ಯಚಿತ್ರಗಳ ಚುರುಕು ನಡೆ ಬಂದದ್ದು ಬಹುಮಟ್ಟಿಗೆ ಆ ಕೈಚಳಕದಿಂದಲೇ.

1935ರಿಂದ ಸುವೊಮಿ-ಫಿಲ್ಮಿ ಸಂಸ್ಥೆಯಲ್ಲಿ ದುಡಿಮೆ. ಪರೀಕ್ಷೆಯ ದೃಷ್ಟಿಯಿಂದ ಮುಖ್ಯವಾದದ್ದು ‘ಯೂರಾಕೋನ್ ಹುಲ್ದಾ’ (1937). ನಾಟಕಕಾರ್ತಿ ಹೆಲ್ಲಾ ವುವೊಲಿಯೊಕಿ ಅವರ ನಾಟಕ ಆಧರಿಸಿದ ಚಿತ್ರವಿದು: ಹಳ್ಳಿಯಿಂದ ರಾಜಧಾನಿಗೆ ಬಂದು ಮನೆಗೆಲಸಕ್ಕೆ ಸೇರಿದ ಹುಡುಗಿ, ಓದಿ ತನ್ನ ದಾರಿ ತಾನೇ ಮಾಡಿಕೊಳ್ಳುವ ಕಥೆ. ಇದೇ ನಾಟಕ ಹಾಲಿವುಡ್‌ನಲ್ಲಿ ‘ದ ಫಾರ್ಮರ್ಸ್ ಡಾಟರ್’ (1947) ಆಯಿತು. ಲೊರೆಟ್ಟಾ ಯಂಗ್‌ಗೆ ಅತ್ಯುತ್ತಮ ನಟಿ ಆಸ್ಕರ್ ತಂದಿತು. ವಾಲಾ ಚಿತ್ರ ಬಂದದ್ದು ಅದಕ್ಕೆ ಹತ್ತು ವರ್ಷ ಮೊದಲು ಎಂಬುದನ್ನು ಮರೆಯಬಾರದು.

1948ರ ‘ಇಹ್ಮಿಸೆತ್ ಸುವಿಯೊಸ್ಸಾ’ಕ್ಕೆ ಆಧಾರ, 1939ರ ನೊಬೆಲ್ ವಿಜೇತ ಎಫ್. ಇ. ಸಿಲ್ಲನ್‌ಪಾ ಅವರ ಕಾದಂಬರಿ.