ಹಂಚುವಾಗ ಬಿಟ್ಟುಹೋದವರು

ಯೌವನಸ್ಥರ ವಾಕ್ಯ ಅಧ್ಯಯನ. ಓದುವ ಭಾಗ: ಅಪೊಸ್ತಲರ ಕೃತ್ಯಗಳು 6:1-7, ಅರಣ್ಯಕಾಂಡ 27:1-7

 

ಇವತ್ತಿನ ಪಾಠ ನೀವು ಸೋಮವಾರದಿಂದ ಶನಿವಾರದವರೆಗೆ ಇರೋ ಜಾಗದ ಬಗ್ಗೆ. ಹೆಣ್ಣು ಅಂತ, ಜಾತಿ ಅಂತ, ಬಣ್ಣ ಅಂತ, ಊರಿನ ಮಾತು ಅಂತ ಕೆಲಸದಲ್ಲಿ ಒಬ್ಬರನ್ನ ಕೆಳಗೆ ಇಡೋದರ ಬಗ್ಗೆ. ನಮ್ಮ ಸಭೆಯಿಂದ ಬೆಂಗಳೂರಿಗೆ ಹೋದ ಒಬ್ಬ ತಂಗಿ ಹೋದ ತಿಂಗಳು ಫೋನ್ ಮಾಡಿದ್ದಳು. ಅವಳನ್ನ ಕೇಳಿಯೇ ಇದನ್ನ ಹೇಳ್ತಿದೀನಿ. ಹೆರಿಗೆ ರಜೆ ಮುಗಿಸಿ ಆಫೀಸಿಗೆ ಹೋದರೆ, ಅವಳು ನಡೆಸ್ತಿದ್ದ ಟೀಮು ಬೇರೆಯವರ ಕೈಯಲ್ಲಿತ್ತು. ಸಂಬಳ ಅಷ್ಟೇ, ಕುರ್ಚಿ ಅದೇ, ಕೆಲಸ ಮಾತ್ರ ಇಲ್ಲ. "ಈಗ ಮಗು ಇದೆಯಲ್ಲಮ್ಮ, ನಿನಗೇ ಆರಾಮಾಗಲಿ ಅಂತ ಮಾಡಿದ್ದು" ಅಂದರಂತೆ. ಅವಳು ನನ್ನನ್ನ ಕೇಳಿದ್ದು ಕಾನೂನಿನ ಪ್ರಶ್ನೆ ಅಲ್ಲ. "ಪಾಸ್ಟರ್, ನಾನು ಕಂಪ್ಲೇಂಟ್ ಕೊಟ್ರೆ ಅದು ದೇವರ ಮುಂದೆ ಗುಣುಗುಟ್ಟಿದ ಹಾಗೆ ಆಗುತ್ತಾ?"

ಈ ಪ್ರಶ್ನೆ ಒಬ್ಬಳದಲ್ಲ. ಅರಣ್ಯದಲ್ಲಿ ಇಸ್ರಾಯೇಲ್ಯರು ಗುಣುಗುಟ್ಟಿದರು, ಅಲ್ಲೇ ಬಿದ್ದರು ಅಂತ ಸಂಡೇ ಸ್ಕೂಲಿನಿಂದ ಕೇಳಿಕೊಂಡು ಬಂದವರು ನಾವು. ಹಾಗಾಗಿ ಬಾಯಿ ಮುಚ್ಚಿಕೊಂಡಿರೋದೇ ವಿಶ್ವಾಸ ಅಂದುಕೊಂಡಿದೀವಿ. ಈಗ ಅಪೊಸ್ತಲರ ಕೃತ್ಯಗಳು 6ನೇ ಅಧ್ಯಾಯ ತೆಗೀರಿ.

ಮೊದಲನೇ ವಚನ ನಿಧಾನವಾಗಿ ನೋಡ್ರಿ. ಯೆರೂಸಲೇಮಿನ ಸಭೆ ಬೆಳೀತಾ ಇದೆ. ಅದರೊಳಗೆ ಎರಡು ಗುಂಪು: ಊರಿನ ಭಾಷೆಯವರು, ಹೊರಗಿಂದ ಬಂದ ಗ್ರೀಕ್ ಮಾತಾಡೋ ಯೆಹೂದ್ಯರು. ದಿನದಿನದ ಹಂಚಿಕೆಯಲ್ಲಿ ಗ್ರೀಕ್ ಮಾತಾಡೋರ ವಿಧವೆಯರು ತಪ್ಪಿಹೋಗ್ತಿದ್ದರು. ಅವರು ಹೆಣ್ಣು, ಗಂಡ ಇಲ್ಲ, ಭಾಷೆ ಬೇರೆ, ಹೀಗೆ ಮೂರು ಕಡೆಯಿಂದ ಹೊರಗೆ. ಆದರೆ ಅವರಿಗೆ ಕೊಡಬೇಡಿ ಅಂತ ಯಾರಾದರೂ ಹೇಳಿದ್ದರಾ? ವಾಕ್ಯದಲ್ಲಿ ಹಾಗಿಲ್ಲ. ಯಾರೂ ಬೈದಿಲ್ಲ, ಯಾರೂ ತಳ್ಳಿಲ್ಲ. ಹಂಚುವಾಗ ಅವರ ಪಾಲು ಬಿಟ್ಟುಹೋಗ್ತಿತ್ತು, ದಿನಾಲೂ ಬಿಟ್ಟುಹೋಗ್ತಿತ್ತು. ಆಫೀಸಿನಲ್ಲಿ ನಡೆಯೋ ತಾರತಮ್ಯ ಬಹಳ ಸಲ ಹೀಗೇ ಇರುತ್ತೆ. ಕೂಗಾಟ ಇರಲ್ಲ. ಹಂಚಿಕೆಯಲ್ಲಿ ನೋಡಿದರೆ ಮಾತ್ರ ಕಾಣುತ್ತೆ.

ಇನ್ನೊಂದು ವಿಷಯ. ಅವರ ಕಡೆಯವರು ಗುಣುಗುಟ್ಟಿದರು ಅಂತ ಲೂಕನು ಬರೀತಾನೆ. ಅಲ್ಲಿರೋ ಗ್ರೀಕ್ ಪದ ಗೊಂಗುಸ್ಮೊಸ್. ಹಳೇ ಒಡಂಬಡಿಕೆಯ ಗ್ರೀಕ್ ಅನುವಾದದಲ್ಲಿ ಅರಣ್ಯದ ಗುಣುಗುಟ್ಟುವಿಕೆಗೂ ಅದೇ ಪದ. ಬೈಬಲ್ ಕಾಲೇಜಿನಲ್ಲಿ ಇದನ್ನ ಮೊದಲ ಸಲ ನೋಡಿದಾಗ ನನಗೆ ಆಶ್ಚರ್ಯ ಆಯ್ತು. ಪದ ಅದೇ, ಆದರೆ ಇಲ್ಲಿ ಬೆಂಕಿ ಬೀಳಲ್ಲ, ಭೂಮಿ ಬಾಯಿ ತೆರೆಯಲ್ಲ. ಪೇತ್ರ "ಮೊದಲು ಪಶ್ಚಾತ್ತಾಪಪಡಿ" ಅಂತ ಅವರಿಗೆ ಹೇಳಲ್ಲ. ಅಪೊಸ್ತಲರು ಸಭೆ ಕರೆದು ವ್ಯವಸ್ಥೆಯನ್ನೇ ಬದಲಿಸ್ತಾರೆ. ಅರಣ್ಯದವರು ದೇವರು ಕೊಟ್ಟ ಮನ್ನದ ಮೇಲೆ ಗುಣುಗುಟ್ಟಿದರು. ಇವರು ದೇವರು ಕೊಟ್ಟದ್ದನ್ನ ಮನುಷ್ಯರು ಸರಿಯಾಗಿ ಹಂಚ್ತಿಲ್ಲ ಅಂತ ಹೇಳಿದರು. ಇವೆರಡು ಬೇರೆ ಬೇರೆ.

ಆರಿಸಿದ ಏಳು ಜನರ ಹೆಸರು ಓದ್ರಿ: ಸ್ತೆಫನ, ಫಿಲಿಪ್ಪ, ಪ್ರೊಖೋರ, ನಿಕನೋರ, ತಿಮೋನ, ಪರ್ಮೇನ, ನಿಕೊಲಾಯ. ಏಳೂ ಗ್ರೀಕ್ ಹೆಸರು. ಊರಿನ ಯೆಹೂದ್ಯರಲ್ಲೂ ಗ್ರೀಕ್ ಹೆಸರು ಇಟ್ಟುಕೊಳ್ಳೋರು ಇದ್ದರು, ಅದು ನಿಜ. ಆದರೂ ಏಳಕ್ಕೆ ಏಳು ಅಂದ್ರೆ ದೂರು ತಂದ ಕಡೆಯವರ ಕೈಗೇ ಹಂಚೋ ಕೆಲಸ ಕೊಟ್ಟರು ಅಂತ ಬಹಳ ಮಂದಿ ವ್ಯಾಖ್ಯಾನಕಾರರು ಹೇಳ್ತಾರೆ. ನನಗೂ ಅದೇ ಸರಿ ಅನಿಸುತ್ತೆ. ಇಂಥ ಧೈರ್ಯ ಎಷ್ಟು ಕಂಪನಿಗಳಿಗಿದೆ? ಎಷ್ಟು ಸಭೆಗಳಿಗಿದೆ?

ನಮ್ಮ ಕಡೆಗೇ ಬರೋಣ. ಇಂಡಿ ತಾಲ್ಲೂಕಿನಲ್ಲಿ ಕಬ್ಬಿನ ಸೀಸನ್‌ನಲ್ಲಿ ಮಹಾರಾಷ್ಟ್ರದಿಂದ ಕಡಿಯೋ ಗ್ಯಾಂಗುಗಳು ಬರ್ತಾವೆ, ಹೆದ್ದಾರಿ ಪಕ್ಕದಲ್ಲಿ ಅವರ ಜೋಪಡಿ ನೋಡಿರ್ತೀರಿ. ಅವರ ಲೆಕ್ಕದಲ್ಲಿ ಗಂಡ ಹೆಂಡತಿ ಇಬ್ಬರೂ ಸೇರಿ ಒಂದು ಕೊಯ್ತಾ. ಕೊಯ್ತಾ ಅಂದ್ರೆ ಕಬ್ಬು ಕಡಿಯೋ ಕತ್ತಿ. ಅವಳು ಕಡೀತಾಳೆ, ಕಟ್ಟು ಕಟ್ಟತಾಳೆ, ತಲೆ ಮೇಲೆ ಹೊತ್ತು ಟ್ರ್ಯಾಕ್ಟರಿಗೆ ಏರಿಸ್ತಾಳೆ. ಮುಂಗಡ ಸಾಮಾನ್ಯವಾಗಿ ಗಂಡನ ಕೈಗೆ ಹೋಗುತ್ತೆ. ಲೆಕ್ಕದಲ್ಲಿ ಅವಳ ಹೆಸರೇ ಇರಲ್ಲ, ಅವಳು ಅರ್ಧ ಕತ್ತಿ. ನಮ್ಮ ಲಿಂಬೆ ತ್ವಾಟದಲ್ಲೂ ಹೆಣ್ಣಾಳಿನ ಪಗಾರ ಬೇರೆ, ಗಂಡಾಳಿನ ಪಗಾರ ಬೇರೆ ಅಂತ ಮಾತಾಡೋದು ನಮಗೆಲ್ಲ ರೂಢಿ. 2005ರ ಉದ್ಯೋಗ ಖಾತ್ರಿ ಕಾಯ್ದೆಯಲ್ಲಿ ಇಬ್ಬರಿಗೂ ಒಂದೇ ಕೂಲಿ ಅಂತ ಇಟ್ಟಾಗ ಎಷ್ಟೋ ಮಂದಿಗೆ ಅದೇ ಹೊಸದು. ಯಾಕೋಬ 5:4ರಲ್ಲಿ ಹೊಲ ಕೊಯ್ದವರ ಹಿಡಿದಿಟ್ಟ ಕೂಲಿ ಕೂಗುತ್ತೆ, ಆ ಕೂಗು ಸೇನಾಧೀಶ್ವರನ ಕಿವಿ ಮುಟ್ಟುತ್ತೆ ಅಂತ ಇದೆ. ಅಲ್ಲಿ ಕೂಗೋದು ಯಾವುದು ಅಂತ ಗಮನಿಸ್ರಿ: ಕೂಲಿ.

ಇದು ಓದದವರ ಕಥೆ, ಓದಿದವರಿಗೆ ಹೀಗಾಗಲ್ಲ ಅಂತೀರಾ? ಹಾಗಾದರೆ ಸಿ.ಬಿ. ಮುತ್ತಮ್ಮ ಅವರ ಬಗ್ಗೆ ಕೇಳ್ರಿ. ಕೊಡಗಿನ ವಿರಾಜಪೇಟೆಯವರು, ಹುಟ್ಟಿದ್ದು 1924ರಲ್ಲಿ. 1949ರಲ್ಲಿ ಭಾರತೀಯ ವಿದೇಶಾಂಗ ಸೇವೆಗೆ ಸೇರಿದ ಮೊದಲ ಮಹಿಳೆ. ಸೇರುವಾಗಲೇ ಅವರಿಂದ ಒಂದು ಮುಚ್ಚಳಿಕೆ ಬರೆಸಿಕೊಂಡರು: ಮದುವೆಯಾದರೆ ರಾಜೀನಾಮೆ ಕೊಡಬೇಕು. ಜೊತೆಗಿದ್ದ ಗಂಡಸರಿಗೆ ಇಂಥ ಕಾಗದ ಇಲ್ಲ. 1961ರ ಸೇವಾ ನಿಯಮಗಳಲ್ಲೂ ಇದು ಹಾಗೇ ಉಳೀತು. ಮಹಿಳಾ ಅಧಿಕಾರಿ ಮದುವೆಗೆ ಮುಂಚೆ ಸರ್ಕಾರದ ಲಿಖಿತ ಅನುಮತಿ ಪಡೀಬೇಕು, ಸಂಸಾರ ಕೆಲಸಕ್ಕೆ ಅಡ್ಡಿ ಅಂತ ಸರ್ಕಾರಕ್ಕೆ ಅನಿಸಿದರೆ ರಾಜೀನಾಮೆ ಕೇಳಬಹುದು. ಸಂವಿಧಾನದ 16ನೇ ವಿಧಿ ಸರ್ಕಾರಿ ಕೆಲಸದಲ್ಲಿ ಲಿಂಗ, ಜಾತಿ, ಜನಾಂಗ, ಹುಟ್ಟಿದ ಊರು ನೋಡಬಾರದು ಅಂತ ಹೇಳಿ ಆಗಲೇ ಹನ್ನೊಂದು ವರ್ಷ ಆಗಿತ್ತು!

1970ರಲ್ಲಿ ಅವರು ಹಂಗೇರಿಗೆ ರಾಯಭಾರಿಯಾದರು. ಆಮೇಲೆ ಮೇಲಿನ ದರ್ಜೆಗೆ ಬಡ್ತಿ ಕೊಡುವಾಗ ಅವರನ್ನ ಬಿಟ್ಟು ಬೇರೆಯವರಿಗೆ ಕೊಟ್ಟರು. ಮುತ್ತಮ್ಮ ಸುಪ್ರೀಂ ಕೋರ್ಟಿಗೆ ಹೋದರು. ಕೇಸು ನಡೀತಿರುವಾಗಲೇ ಸರ್ಕಾರ ಬಡ್ತಿ ಕೊಟ್ಟುಬಿಟ್ಟಿತು. 1979ರ ಸೆಪ್ಟೆಂಬರಿನಲ್ಲಿ ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ ತೀರ್ಪು ಬರೆದರು. ಬಡ್ತಿ ಸಿಕ್ಕಿದ್ದರಿಂದ ಅರ್ಜಿ ವಜಾ ಆಯ್ತು, ಆದರೆ ನಿಯಮಗಳನ್ನ ಅವರು ಸುಮ್ಮನೆ ಬಿಡಲಿಲ್ಲ. ಸಂಸಾರದ ಜವಾಬ್ದಾರಿ ಹೆಂಗಸಿನ ಕೆಲಸಕ್ಕೆ ಅಡ್ಡ ಬರುತ್ತೆ ಅನ್ನೋದಾದರೆ ಗಂಡಸಿಗೂ ಅದೇ ಅನ್ವಯಿಸಬೇಕಲ್ಲ ಅನ್ನೋದು ಅವರ ವಾದದ ಸಾರ. ಮದುವೆಯಾದ ಹೆಂಗಸಿಗೆ ನೇಮಕದ ಹಕ್ಕಿಲ್ಲ ಅಂತಿದ್ದ ನಿಯಮ 1973ರಲ್ಲೇ ಹೋಗಿತ್ತು, ಅನುಮತಿ ಕೇಳೋ ನಿಯಮವನ್ನೂ ತೆಗೀತಿದೀವಿ ಅಂತ ಸರ್ಕಾರ ಕೋರ್ಟಿಗೆ ಹೇಳಬೇಕಾಯ್ತು. ಮುತ್ತಮ್ಮ ಕೊನೆವರೆಗೂ ಮದುವೆಯಾಗಲಿಲ್ಲ. ಆ ಬಾಗಿಲಿಂದ ಆಮೇಲೆ ಒಳಗೆ ಬಂದ ಹೆಣ್ಣುಮಕ್ಕಳು ಗಂಡ, ಮಕ್ಕಳು, ಕೆಲಸ ಮೂರನ್ನೂ ಇಟ್ಟುಕೊಂಡು ರಾಯಭಾರಿಗಳಾದರು.

ಇದನ್ನ ಓದಿದಾಗೆಲ್ಲ ನನಗೆ ಅರಣ್ಯಕಾಂಡ 27 ನೆನಪಾಗುತ್ತೆ. ಚಲ್ಪಹಾದನ ಐದು ಹೆಣ್ಣುಮಕ್ಕಳು ಮೋಶೆಯ ಮುಂದೆ, ಯಾಜಕನ ಮುಂದೆ, ಎಲ್ಲ ಮುಖಂಡರ ಮುಂದೆ ಗುಡಾರದ ಬಾಗಿಲಲ್ಲಿ ನಿಂತು, ಅಪ್ಪನ ಪಾಲು ನಮಗೆ ಯಾಕಿಲ್ಲ ಅಂತ ಕೇಳಿದರು. ಮೋಶೆ ಆ ದೂರನ್ನ ಕರ್ತನ ಹತ್ತಿರ ತೊಗೊಂಡು ಹೋದ. ಅವರು ಕೇಳಿದ್ದು ಸರಿ ಅಂತ ದೇವರೇ ಹೇಳಿ ಕಾನೂನು ಬದಲಿಸಿದರು. ಇದು ಗುಣುಗುಟ್ಟುವಿಕೆಗೆ ಹೆಸರಾದ ಅದೇ ಅರಣ್ಯಕಾಂಡದಲ್ಲಿದೆ, ಮರೀಬೇಡ್ರಿ.

ಜಾತಿಯ ವಿಷಯ ಐಟಿ ಕಂಪನಿಯಲ್ಲಿ ಇಲ್ಲ ಅನ್ನೋರು ಇದಾರೆ. "ನಿಮ್ಮ ಪೂರ್ತಿ ಹೆಸರೇನು? ಊರಲ್ಲಿ ಯಾವ ಓಣಿ?" ಅಂತ ಕ್ಯಾಂಟೀನಿನಲ್ಲಿ ಕೇಳಿಸಿಕೊಂಡವರಿಗೆ ಗೊತ್ತು. 2020ರಲ್ಲಿ ಕ್ಯಾಲಿಫೋರ್ನಿಯಾದ ಸರ್ಕಾರಿ ಇಲಾಖೆಯೊಂದು ಸಿಸ್ಕೋ ಕಂಪನಿ ಮೇಲೆ ಕೇಸು ಹಾಕಿತು. ಭಾರತದಿಂದ ಹೋದ ಒಬ್ಬ ದಲಿತ ಎಂಜಿನಿಯರನ ಜಾತಿಯನ್ನ ಮೇಲಧಿಕಾರಿ ಸಹೋದ್ಯೋಗಿಗಳಿಗೆ ಹೇಳಿದ, ದೂರು ಕೊಟ್ಟರೆ ಜಾತಿ ತಾರತಮ್ಯ ಕಾನೂನುಬಾಹಿರ ಅಲ್ಲ ಅಂತ ಕಂಪನಿಯೊಳಗೆ ಉತ್ತರ ಬಂತು ಅನ್ನೋದು ಆರೋಪ. ಕಂಪನಿ ಇದನ್ನ ಒಪ್ಪಲಿಲ್ಲ. ಇಬ್ಬರು ಮೇಲಧಿಕಾರಿಗಳ ಮೇಲಿನ ಕೇಸನ್ನ 2023ರಲ್ಲಿ ಇಲಾಖೆಯೇ ಹಿಂದಕ್ಕೆ ತೊಗೊಂಡಿತು. ಹಾಗಾಗಿ ಅವರ ಬಗ್ಗೆ ನಾನು ತೀರ್ಪು ಹೇಳಲ್ಲ. ಆದರೆ ನಮ್ಮ ಓಣಿಯ ಪ್ರಶ್ನೆ ಏಳು ಸಮುದ್ರ ದಾಟಿ ಹೋಗಿದೆ ಅನ್ನೋದು ಜಗತ್ತಿಗೆ ಗೊತ್ತಾಯ್ತು. 2023ರ ಫೆಬ್ರವರಿಯಲ್ಲಿ ಸಿಯಾಟಲ್ ನಗರ ಜಾತಿ ತಾರತಮ್ಯವನ್ನ ನಿಷೇಧಿಸಿತು.

ಬಣ್ಣದ ಭೇದ ನಮ್ಮ ಮನೆಯ ಕಥೆಯಲ್ಲೂ ಇದೆ. ವಿಲಿಯಂ ಸೇಮೋರ್ ಗುಲಾಮರಾಗಿದ್ದ ತಂದೆತಾಯಿಗಳ ಮಗ. 1906ರ ಶುರುವಿನಲ್ಲಿ ಹ್ಯೂಸ್ಟನ್‌ನಲ್ಲಿ ಚಾರ್ಲ್ಸ್ ಪರ್ಹಾಮ್ ನಡೆಸ್ತಿದ್ದ ಬೈಬಲ್ ತರಗತಿಗೆ ಹೋದಾಗ, ಬಿಳಿಯರ ಜೊತೆ ಒಳಗೆ ಕೂರೋಕೆ ಬಿಡಲಿಲ್ಲ. ಹೊರಗೆ ಪಡಸಾಲೆಯಲ್ಲಿ ಕೂತು, ತೆರೆದ ಬಾಗಿಲಿನಿಂದ ಪಾಠ ಕೇಳಿದರು. ಅದೇ ವರ್ಷ ಏಪ್ರಿಲ್‌ನಲ್ಲಿ ಲಾಸ್ ಏಂಜಲೀಸ್‌ನ ಅಝೂಸಾ ಬೀದಿಯ ಉಜ್ಜೀವನಕ್ಕೆ ದೇವರು ಎಬ್ಬಿಸಿದ್ದು ಆ ಪಡಸಾಲೆಯಲ್ಲಿ ಕೂತವರನ್ನ. ಅಲ್ಲಿ ಕರಿಯರು, ಬಿಳಿಯರು, ಮೆಕ್ಸಿಕೋದವರು ಒಟ್ಟಿಗೆ ಮೊಣಕಾಲೂರಿದರು, ಹೆಂಗಸರೂ ನಾಯಕತ್ವ ಮಾಡಿದರು. ಪರ್ಹಾಮ್ ನೋಡೋಕೆ ಬಂದಾಗ ಈ ಬೆರಕೆಯನ್ನೇ ಖಂಡಿಸಿದರು. ಮುಂದೆ ಅಮೆರಿಕದ ಪೆಂಟೆಕೋಸ್ಟಲ್ ಸಭೆಗಳು ಬಣ್ಣದ ಮೇಲೆ ಬೇರೆಯಾದವು. ಅನ್ಯಭಾಷೆಯಲ್ಲಿ ಮಾತಾಡೋರು ಪಕ್ಕದ ಬಣ್ಣದವನ ಜೊತೆ ಕೂರಲಿಲ್ಲ.

ಈಗ ಒಂದು ಪ್ರಶ್ನೆ ಬರುತ್ತೆ: 1 ಪೇತ್ರ 2ರಲ್ಲಿ ವಕ್ರ ಯಜಮಾನರಿಗೂ ಅಧೀನರಾಗಿರಿ ಅಂತ ಇದೆಯಲ್ಲ? ಇದೆ. ಆ ಮಾತು ಕೇಳಿದವರು ದಾಸರು, ಅವರಿಗೆ ಹೋಗೋಕೆ ಕೋರ್ಟು ಇರಲಿಲ್ಲ. ಪೌಲನಿಗೆ ಇತ್ತು. ಅಪೊಸ್ತಲರ ಕೃತ್ಯಗಳು 16:37 ನೋಡ್ರಿ. ಫಿಲಿಪ್ಪಿಯಲ್ಲಿ ವಿಚಾರಣೆ ಇಲ್ಲದೆ ಹೊಡೆದು, ಬೆಳಿಗ್ಗೆ ಸದ್ದಿಲ್ಲದೆ ಹೋಗು ಅಂದರೆ, ನಾವು ರೋಮಿನ ಪೌರರು, ಅಧಿಕಾರಿಗಳೇ ಬಂದು ಕರಕೊಂಡು ಹೋಗಲಿ ಅಂದ. ರಾತ್ರಿ ಅದೇ ಪೌಲ ಜೈಲಿನಲ್ಲಿ ಹಾಡಿದ್ದ. ಹಾಡಿದ್ದಕ್ಕೂ ಹಕ್ಕು ಕೇಳಿದ್ದಕ್ಕೂ ಜಗಳ ಇಲ್ಲ.

ಹಾಗಾಗಿ ನಿಮ್ಮ ಪೌರತ್ವ ಏನು ಕೊಡುತ್ತೆ ಅಂತ ತಿಳಿದುಕೊಳ್ಳ್ರಿ. ಒಂದೇ ಕೆಲಸಕ್ಕೆ ಗಂಡು ಹೆಣ್ಣಿಗೆ ಒಂದೇ ವೇತನ ಅನ್ನೋದು 1976ರಿಂದ ಕಾನೂನು, ಈಗ ಅದು ವೇತನ ಸಂಹಿತೆಯೊಳಗಿದೆ. ಹೆರಿಗೆ ರಜೆ 2017ರ ತಿದ್ದುಪಡಿಯಿಂದ ಮೊದಲ ಎರಡು ಮಕ್ಕಳಿಗೆ 26 ವಾರ. ಆ ರಜೆಯಲ್ಲಿದ್ದಾಗ ಕೆಲಸದಿಂದ ತೆಗೆಯೋದು, ನಷ್ಟವಾಗೋ ಹಾಗೆ ಕೆಲಸದ ಶರತ್ತು ಬದಲಿಸೋದು ತಪ್ಪು. ಲೈಂಗಿಕ ಕಿರುಕುಳಕ್ಕೆ 2013ರ ಕಾಯ್ದೆ ಇದೆ. ಹತ್ತು ಅಥವಾ ಹೆಚ್ಚು ಜನ ಇರೋ ಕಡೆ ಆಂತರಿಕ ಸಮಿತಿ ಇರಲೇಬೇಕು, ಅದಕ್ಕೆ ಮಹಿಳೆಯೇ ಅಧ್ಯಕ್ಷೆ. ಅದಕ್ಕಿಂತ ಚಿಕ್ಕ ಅಂಗಡಿ, ಮನೆಗೆಲಸ ಅಂದ್ರೆ ಜಿಲ್ಲೆಯ ಸ್ಥಳೀಯ ಸಮಿತಿ. ದೂರು ಮೂರು ತಿಂಗಳೊಳಗೆ, ಬರಹದಲ್ಲಿ. ಆದ್ದರಿಂದ ನೀವು ಉಪವಾಸ ಪ್ರಾರ್ಥನೆ ಮಾಡೋದಾದರೆ ಮಾಡ್ರಿ, ಆದರೆ ಕ್ಯಾಲೆಂಡರ್ ಕಡೆನೂ ಕಣ್ಣಿರಲಿ. ಯಾವತ್ತು, ಯಾರು, ಏನು ಅಂದರು ಅಂತ ಅವತ್ತೇ ಬರೆದಿಡ್ರಿ, ಈಮೇಲ್ ಅಳಿಸಬೇಡ್ರಿ. ಬರೆಯುವಾಗ ಒಂದು ಅಕ್ಷರವೂ ಸುಳ್ಳು ಸೇರಿಸಬೇಡ್ರಿ. ದೂರು ಕೊಟ್ಟ ಮೇಲೆ ಅಪ್ರೈಸಲ್ ಕೆಡಬಹುದು, ಕೆಲಸವೂ ಹೋಗಬಹುದು. ಹಾಗಾಗಲ್ಲ ಅಂತ ನಾನು ಮಾತು ಕೊಡಲಾರೆ.

ತಮ್ಮಂದಿರೇ, ನಿಮ್ಮಲ್ಲಿ ಕೆಲವರು ಈಗ ಟೀಮ್ ಲೀಡ್ ಆಗಿದೀರಿ. ನಿಮ್ಮ ಕೈಯಲ್ಲಿ ಹಂಚಿಕೆ ಇದೆ. ಒಳ್ಳೇ ಪ್ರಾಜೆಕ್ಟ್ ಯಾರಿಗೆ ಕೊಟ್ರಿ, ರಾತ್ರಿ ಪಾಳಿ ಯಾರಿಗೆ, ಮೀಟಿಂಗಿನಲ್ಲಿ ಚಹಾ ತರೋಕೆ ಯಾರ ಕಡೆ ನೋಡ್ತೀರಿ? ಹೊಸದಾಗಿ ಬಂದ ಹುಡುಗ "ಐತ್ರಿ, ಹೌದ್ರಿ" ಅಂದಾಗ ನಕ್ಕವರ ಜೊತೆ ನೀವೂ ನಕ್ರಾ? ಯಾರಾದರೂ ದೂರು ತಂದರೆ "ಅವರ ಉದ್ದೇಶ ಹಾಗಿರಲಿಲ್ಲ" ಅಂತ ಮೊದಲೇ ಹೇಳಬೇಡ್ರಿ. ಯೆರೂಸಲೇಮಿನಲ್ಲೂ ಯಾರ ಉದ್ದೇಶವೂ ಹಾಗಿರಲಿಕ್ಕಿಲ್ಲ, ವಿಧವೆಯರ ತಟ್ಟೆ ಮಾತ್ರ ಖಾಲಿ ಇತ್ತು.

ಬರೋ ತಿಂಗಳು ನಮ್ಮ ಸಭೆಯ ಸಮಿತಿಗೆ ಹೊಸಬರನ್ನ ಆರಿಸ್ತೀವಿ. ಭಾನುವಾರ ಜಮಖಾನೆ ಹಾಸೋರು ಯಾರು, ಚಹಾ ಮಾಡೋರು ಯಾರು, ಕಾಣಿಕೆ ಎಣಿಸೋರು ಯಾರು, ಮೈಕ್ ಹಿಡಿಯೋರು ಯಾರು ಅಂತ ಎರಡು ವಾರ ಕೂತು ನೋಡ್ರಿ, ಆಮೇಲೆ ಹೆಸರು ಬರೆದು ಕೊಡ್ರಿ. ಆಫೀಸಿಗೆ ದೂರು ಬರೀಬೇಕಾದವರು ಇವತ್ತು ಪ್ರಾರ್ಥನೆ ಮುಗಿದ ಮೇಲೆ ಉಳೀರಿ, ಫೋನಿನಲ್ಲಿ ಇರೋರು ಮೆಸೇಜ್ ಹಾಕ್ರಿ. ಅಕ್ಕಂದಿರಿಬ್ಬರು ನಿಮ್ಮ ಜೊತೆ ಕೂತು ಬರೆಯೋಕೆ ಒಪ್ಪಿದಾರೆ. ಈಗ ಎದ್ದು ನಿಲ್ಲೋಣ.