ಕೂಸಿನ ಕಕ್ಕದಲ್ಲಿ ರಕ್ತದ ಗೆರೆ: ಹಾಲಿನ ಅಲರ್ಜಿ ಗೆಲ್ಲಲು 11 ಸೂತ್ರಗಳು

ಕೂಸು ಚೆನ್ನಾಗಿ ಹಾಲು ಕುಡಿಯುತ್ತಿದೆ, ತೂಕವೂ ಏರುತ್ತಿದೆ. ಆದರೆ ಲಂಗೋಟಿ ಬಿಚ್ಚಿದರೆ ಹಳದಿ ಕಕ್ಕದ ನಡುವೆ ಲೋಳೆ, ಲೋಳೆಯೊಳಗೆ ದಾರದಷ್ಟು ಕೆಂಪು ಗೆರೆ. ಮನೆಮಂದಿಯ ಎದೆ ಧಸಕ್ಕೆನ್ನುತ್ತದೆ. ಆರು ತಿಂಗಳೊಳಗಿನ ಆರೋಗ್ಯವಂತ ಕೂಸುಗಳಲ್ಲಿ ಹೀಗಾಗಲು ಒಂದು ಮುಖ್ಯ ಕಾರಣ ಆಹಾರದ ಪ್ರೋಟೀನಿನ ಅಲರ್ಜಿ. ಅದರಿಂದ ದೊಡ್ಡ ಕರುಳಿನ ಕೊನೆಯ ಭಾಗದಲ್ಲಿ ಉರಿಯೂತ ಕಾಣಿಸಿಕೊಳ್ಳುತ್ತದೆ. ಡಾಕ್ಟರು ಇದನ್ನು ಅಲರ್ಜಿಕ್ ಪ್ರಾಕ್ಟೊಕೊಲೈಟಿಸ್ ಎನ್ನುತ್ತಾರೆ. ಬಹುತೇಕ ಸಂದರ್ಭಗಳಲ್ಲಿ ಇದಕ್ಕೆ ಹಸುವಿನ ಹಾಲಿನ ಪ್ರೋಟೀನ್ ಕಾರಣ. ಸೋಯಾ, ಮೊಟ್ಟೆ, ಗೋಧಿ ಆಮೇಲಿನ ಸಾಲಿನವು.

ಹೆಸರು ಕೇಳಿ ಗಾಬರಿಯಾಗಬೇಡಿ. ಹೆಚ್ಚಿನ ಮಕ್ಕಳಿಗೆ ಒಂದು ವರ್ಷ ತುಂಬುವ ಹೊತ್ತಿಗೆ ಇದು ವಾಸಿಯಾಗುತ್ತದೆ. ಅಲ್ಲಿಯವರೆಗೆ ಕೂಸೂ ಸೊರಗಬಾರದು, ತಾಯಿಯೂ ಸೊರಗಬಾರದು. ಅದಕ್ಕಾಗಿ ಈ ಸೂತ್ರಗಳು.

1. ಮೊದಲು ಅಪಾಯದ ಗುರುತು ನೋಡಿ

ರಕ್ತ ಕಂಡಾಗಲೆಲ್ಲ ಅಲರ್ಜಿ ಎಂದುಕೊಳ್ಳಬೇಡಿ. ಹಸಿರು ವಾಂತಿ, ಉಬ್ಬಿದ ಹೊಟ್ಟೆ, ಜ್ವರ, ಹಾಲು ಬೇಡವೆನ್ನುವುದು, ಎಬ್ಬಿಸಿದರೂ ಏಳದ ಮಂಪರು, ಹೆಚ್ಚು ರಕ್ತ ಹೋಗುವುದು, ಇವುಗಳಲ್ಲಿ ಯಾವುದೊಂದಿದ್ದರೂ ತಡಮಾಡದೆ ಆಸ್ಪತ್ರೆಗೆ ಹೊರಡಿ. ಕೂಸು ಬಿಟ್ಟು ಬಿಟ್ಟು ಚೀರುತ್ತ, ಕಾಲು ಹೊಟ್ಟೆಗೆ ಎಳೆದುಕೊಂಡು, ಕೆಂಪು ಜೆಲ್ಲಿಯಂಥ ಕಕ್ಕ ಮಾಡಿದರೆ ಕರುಳು ಕರುಳಿನೊಳಗೇ ಸಿಕ್ಕಿಕೊಂಡಿರಬಹುದು. ಅಲ್ಲಿ ಒಂದೊಂದು ಗಂಟೆಗೂ ಬೆಲೆಯಿದೆ. ಸ್ವಂತ ವಾಹನವಿಲ್ಲದಿದ್ದರೆ 108ಕ್ಕೆ ಕರೆ ಮಾಡಿ.

2. ಲಂಗೋಟಿ ಒಗೆಯುವ ಮೊದಲು ಫೋಟೊ ತೆಗೆಯಿರಿ

ಹಗಲು ಬೆಳಕಿನಲ್ಲಿ, ಹತ್ತಿರದಿಂದ ಒಂದು ಫೋಟೊ. ಡಾಕ್ಟರ ಮುಂದೆ ಹತ್ತು ಮಾತಿನ ವಿವರಣೆಗಿಂತ ಅದೇ ಹೆಚ್ಚು ಹೇಳುತ್ತದೆ. ಗುದದ ಬಾಯಲ್ಲಿ ಸೀಳಿದ್ದರೆ ರಕ್ತ ಗಟ್ಟಿ ಕಕ್ಕದ ಮೇಲೆ ಹೊರಗಿನಿಂದ ಅಂಟಿರುತ್ತದೆ. ಅಲರ್ಜಿಯಲ್ಲಿ ಲೋಳೆಯ ಜೊತೆ ಬೆರೆತಿರುವುದೇ ಹೆಚ್ಚು. ತಾಯಿಯ ಮೊಲೆತೊಟ್ಟು ಬಿರಿದು ಸೋರಿದ ರಕ್ತವನ್ನು ಕೂಸು ನುಂಗಿದರೂ ಕಕ್ಕದಲ್ಲಿ ಕಾಣಬಹುದು. ಕಬ್ಬಿಣಾಂಶದ ಹನಿ ಹಾಕುತ್ತಿದ್ದರೆ ಕಕ್ಕ ಕಪ್ಪಾಗುವುದು ಸಹಜ. ಈ ವಿವರಗಳನ್ನೆಲ್ಲ ಡಾಕ್ಟರಿಗೆ ತಿಳಿಸಿ.

3. ಎದೆಹಾಲು ನಿಲ್ಲಿಸಬೇಡಿ

ಇದು ಎದೆಹಾಲಿನ ಅಲರ್ಜಿಯಲ್ಲ. ತಾಯಿ ಕುಡಿದ ಹಸುವಿನ ಹಾಲಿನ ಪ್ರೋಟೀನ್ ತೀರಾ ಸಣ್ಣ ಪ್ರಮಾಣದಲ್ಲಿ ಎದೆಹಾಲಿಗೆ ಇಳಿಯುತ್ತದೆ. ಕೂಸಿನ ಎಳೆಯ ಕರುಳು ಕೆರಳುವುದು ಅದಕ್ಕೆ. ಬದಲಿಸಬೇಕಾದ್ದು ತಾಯಿಯ ತಟ್ಟೆಯನ್ನು. ಸ್ವಲ್ಪವೇ ರಕ್ತ ಕಂಡು ಕೂಸು ಚಟುವಟಿಕೆಯಿಂದಿದ್ದರೆ, ಪಥ್ಯಕ್ಕೂ ಮೊದಲು ಕೆಲವು ವಾರ ಕಾದು ನೋಡೋಣ ಎಂದು ಡಾಕ್ಟರು ಹೇಳಬಹುದು. ಅದು ಉದಾಸೀನವಲ್ಲ. ಎಷ್ಟೋ ಕೂಸುಗಳಿಗೆ ರಕ್ತ ತಾನಾಗಿಯೇ ನಿಲ್ಲುತ್ತದೆ.

4. ತಂಟೆ ಪ್ರೋಟೀನಿನದು, ಸಕ್ಕರೆಯದಲ್ಲ

ಲ್ಯಾಕ್ಟೋಸ್ ಎಂಬುದು ಹಾಲಿನ ಸಕ್ಕರೆ. ಅದು ಜೀರ್ಣವಾಗದಿದ್ದರೆ ಹೊಟ್ಟೆಯುಬ್ಬರ, ನೀರು ಭೇದಿ ಆಗುತ್ತದೆಯೇ ಹೊರತು ರಕ್ತ ಬರುವುದಿಲ್ಲ. ಹಾಗಾಗಿ ಲ್ಯಾಕ್ಟೋಸ್ ತೆಗೆದ ಹಾಲು ಇಲ್ಲಿ ಪ್ರಯೋಜನಕ್ಕೆ ಬಾರದು. ನಾಟಿ ಹಸುವಿನ ಎ2 ಹಾಲಿನಲ್ಲೂ ಅಲರ್ಜಿ ತರುವ ಪ್ರೋಟೀನುಗಳಿವೆ. ಎಮ್ಮೆ ಹಾಲು, ಮೇಕೆ ಹಾಲಿನ ಪ್ರೋಟೀನುಗಳು ಹಸುವಿನದನ್ನೇ ಹೋಲುವುದರಿಂದ ಒಂದಕ್ಕೆ ಅಲರ್ಜಿ ಇರುವ ಕೂಸಿಗೆ ಇನ್ನೊಂದೂ ಒಗ್ಗುವುದು ಅಪರೂಪ. ಬೀದಿಯಲ್ಲಿ ಹಸಿಯಾಗಿ ಕರೆದು ಒಳಲೆಯಲ್ಲಿ ಕೊಡುವ ಕತ್ತೆ ಹಾಲಂತೂ ಬೇಡವೇ ಬೇಡ. ಕಾಯಿಸದ ಹಾಲು ಸೋಂಕಿನ ಮೂಲ.

5. ಪಥ್ಯವೇ ಪರೀಕ್ಷೆ

ಈ ಬಗೆಯ ಅಲರ್ಜಿ ಚರ್ಮದ ಚುಚ್ಚು ಪರೀಕ್ಷೆಯಲ್ಲಾಗಲಿ, ರಕ್ತದ ಐಜಿಇ ಪರೀಕ್ಷೆಯಲ್ಲಾಗಲಿ ಸಿಕ್ಕಿಬೀಳುವುದಿಲ್ಲ. ಲ್ಯಾಬುಗಳು ಮಾರುವ ಐಜಿಜಿ ಆಹಾರ ಪಟ್ಟಿಗೆ ದುಡ್ಡು ಸುರಿಯಬೇಡಿ. ರೋಗ ಪತ್ತೆಯಾಗುವುದು ಎರಡು ಹಂತದಲ್ಲಿ. ತಾಯಿ ಎರಡರಿಂದ ನಾಲ್ಕು ವಾರ ಹಾಲಿನ ಪದಾರ್ಥ ಬಿಡಬೇಕು. ಅಲರ್ಜಿಯೇ ಆಗಿದ್ದರೆ ಸಾಮಾನ್ಯವಾಗಿ ಮೂರ್ನಾಲ್ಕು ದಿನಗಳಲ್ಲಿ ರಕ್ತ ಕಡಿಮೆಯಾಗತೊಡಗುತ್ತದೆ, ಕೆಲವರಿಗೆ ಎರಡು ವಾರ ಹಿಡಿಯುತ್ತದೆ. ಆಮೇಲೆ ಡಾಕ್ಟರ ಸಲಹೆಯಂತೆ ತಾಯಿ ಮತ್ತೆ ಹಾಲು ಕುಡಿದು ನೋಡಬೇಕು. ರಕ್ತ ಮರಳಿದರೆ ಅಲರ್ಜಿ ಖಚಿತ. ಮರಳದಿದ್ದರೆ ಪಥ್ಯಕ್ಕೆ ಅಲ್ಲಿಗೇ ಮಂಗಳ. ಈ ಎರಡನೇ ಹಂತವನ್ನು ಹೆದರಿ ಬಿಟ್ಟ ಮನೆಗಳಲ್ಲಿ ತಾಯಂದಿರು ಕಾರಣವೇ ಇಲ್ಲದೆ ತಿಂಗಳುಗಟ್ಟಲೆ ಬಾಯಿ ಕಟ್ಟುತ್ತಾರೆ.

6. ಒಂದು ಸಲಕ್ಕೆ ಒಂದೇ ಬದಲಾವಣೆ

ಹಾಲು, ಮೊಟ್ಟೆ, ಗೋಧಿ, ಕಡಲೆಕಾಯಿ, ಬೇಳೆ ಎಲ್ಲವನ್ನೂ ಒಟ್ಟಿಗೇ ಬಿಟ್ಟರೆ ಯಾವುದು ಕಾರಣ ಎಂದು ಎಂದಿಗೂ ಗೊತ್ತಾಗದು. ಹಾಲಿನಿಂದ ಶುರುಮಾಡಿ. ಕ್ಯಾಲೆಂಡರಿನ ಪಕ್ಕ ಒಂದು ನೋಟ್‌ಬುಕ್ ತೂಗುಹಾಕಿ. ದಿನಕ್ಕೊಂದು ಸಾಲು ಸಾಕು: "ಸೋಮವಾರ. ಬೆಳಿಗ್ಗೆ ಇಡ್ಲಿ, ಚಟ್ನಿ. ಸಂಜೆ ಪಕ್ಕದ ಮನೆಯ ಸಿಹಿ, ಒಂದು ತುಂಡು. ಕಕ್ಕ ನಾಲ್ಕು ಸಲ, ಒಂದರಲ್ಲಿ ಲೋಳೆ, ರಕ್ತವಿಲ್ಲ." ಎರಡು ವಾರ ಕಳೆದ ಮೇಲೆ ಓದಿದರೆ ನೆನಪು ಮರೆಮಾಚಿದ್ದೂ ಕಣ್ಣಿಗೆ ಬೀಳುತ್ತದೆ. ಈ ಅವಧಿಯಲ್ಲಿ ಗ್ರೈಪ್ ವಾಟರ್, ಬಜೆ, ಗುಟ್ಟಿ ಯಾವುದನ್ನೂ ಕೂಸಿನ ಬಾಯಿಗೆ ಹಾಕಬೇಡಿ. ಲೆಕ್ಕ ತಪ್ಪುತ್ತದೆ, ಅಪಾಯವೂ ಉಂಟು.

7. ಅಡಗಿ ಕುಳಿತ ಹಾಲನ್ನು ಹುಡುಕಿ

ಲೋಟದ ಹಾಲು ಬಿಡುವುದು ಸುಲಭ. ಮೊಸರು, ಮಜ್ಜಿಗೆ, ಬೆಣ್ಣೆ, ಪನೀರ್, ಖೋವಾ, ಪೇಡ ಕೂಡ ಎಲ್ಲರಿಗೂ ನೆನಪಾಗುತ್ತವೆ. ಜಾರಿಕೊಳ್ಳುವುದು ಕಾಫಿ, ಬ್ರೆಡ್, ರಸ್ಕ್, ಬಿಸ್ಕತ್ತು, ಮಜ್ಜಿಗೆ ಮೆಣಸಿನಕಾಯಿ, ತುಪ್ಪದಲ್ಲಿ ಹುರಿದ ಅಂಟಿನುಂಡೆ. ತುಪ್ಪದಲ್ಲಿ ಇರುವುದು ಬಹುಪಾಲು ಕೊಬ್ಬೇ ಆದರೂ ಮನೆಯಲ್ಲಿ ಕಾಯಿಸಿದ ತುಪ್ಪದ ತಳದ ಗಸಿಯಲ್ಲಿ ಹಾಲಿನ ಪ್ರೋಟೀನ್ ಉಳಿದಿರುತ್ತದೆ. ಪರೀಕ್ಷೆಯ ವಾರಗಳಲ್ಲಿ ಒಗ್ಗರಣೆಗೆ ಎಣ್ಣೆಯೇ ಸರಿ.

ಪೊಟ್ಟಣ ತಿರುಗಿಸಿ ನೋಡುವ ಅಭ್ಯಾಸ ಮಾಡಿಕೊಳ್ಳಿ. ಆಹಾರ ಸುರಕ್ಷತಾ ಪ್ರಾಧಿಕಾರದ 2020ರ ಲೇಬಲ್ ನಿಯಮದ ಪ್ರಕಾರ ಹಾಲು, ಮೊಟ್ಟೆ, ಸೋಯಾ ಮುಂತಾದ ಅಲರ್ಜಿಕಾರಕಗಳನ್ನು ಬೇರೆಯಾಗಿ ನಮೂದಿಸಬೇಕು. 'ಕಂಟೇನ್ಸ್ ಮಿಲ್ಕ್' ಎಂಬ ಸಾಲು, ಪದಾರ್ಥಗಳ ಪಟ್ಟಿಯಲ್ಲಿ 'ಮಿಲ್ಕ್ ಸಾಲಿಡ್ಸ್', 'ವೇ', 'ಕೆಸೀನ್' ಎಂಬ ಪದಗಳು, ಎಲ್ಲದರ ಅರ್ಥ ಒಂದೇ: ಬೇಡ.

8. ಬಾಣಂತಿಯ ತಟ್ಟೆ ಬರಿದಾಗದಿರಲಿ

"ಬಾಣಂತಿ ಹಾಲು ಕುಡಿಯದಿದ್ದರೆ ಎದೆಹಾಲು ಎಲ್ಲಿಂದ ಬರಬೇಕಮ್ಮಾ?" ಎಂದು ಅತ್ತೆಯವರು ಕೇಳಿಯೇ ಕೇಳುತ್ತಾರೆ. ಉತ್ತರ ಸಿದ್ಧವಿರಲಿ: ಕೂಸು ಚೀಪಿದಷ್ಟೂ ಹಾಲು ಇಳಿಯುತ್ತದೆ, ತಾಯಿ ಹಾಲನ್ನೇ ಕುಡಿಯಬೇಕೆಂದಿಲ್ಲ. ಬೇಕಾದ್ದು ಹೊಟ್ಟೆ ತುಂಬ ಊಟ, ಸಾಕಷ್ಟು ನೀರು ಮತ್ತು ಕ್ಯಾಲ್ಸಿಯಂ. ಹಾಲೂಡುವ ತಾಯಿಗೆ ದಿನಕ್ಕೆ 1200 ಮಿಲಿಗ್ರಾಂ ಕ್ಯಾಲ್ಸಿಯಂ ಬೇಕೆಂದು ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿ ಹೇಳುತ್ತದೆ. ನಮ್ಮ ಪುಣ್ಯಕ್ಕೆ ರಾಗಿ ಇದೆ. 100 ಗ್ರಾಂ ರಾಗಿಯಲ್ಲಿ ಸುಮಾರು 350 ಮಿಲಿಗ್ರಾಂ ಸಿಗುತ್ತದೆ. ರಾಗಿಮುದ್ದೆಗೆ ನುಗ್ಗೆಸೊಪ್ಪಿನ ಸಾರು, ರೊಟ್ಟಿಗೆ ಎಳ್ಳಿನ ಚಟ್ನಿಪುಡಿ, ತಿನ್ನುವವರಿಗೆ ಮುಳ್ಳು ಸಮೇತ ಅಗಿಯುವ ಸಣ್ಣ ಮೀನು ಇರಲಿ. ಇಷ್ಟಾದರೂ ಲೆಕ್ಕ ತುಂಬದಿದ್ದರೆ ಡಾಕ್ಟರು ಬರೆದ ಕ್ಯಾಲ್ಸಿಯಂ, ವಿಟಮಿನ್ ಡಿ ಮಾತ್ರೆ ತಪ್ಪಿಸಬೇಡಿ.

9. ಬಾಟಲಿ ಹಾಲಿನ ಕೂಸಿಗೆ ಡಬ್ಬಿಯನ್ನು ನೀವೇ ಆರಿಸಬೇಡಿ

ಎದೆಹಾಲು ಸಿಗದ ಕೂಸಿಗೆ ಪ್ರೋಟೀನನ್ನು ಚೂರುಚೂರಾಗಿ ಒಡೆದ ವಿಶೇಷ ಪುಡಿ ಹಾಲು ಮೊದಲ ಆಯ್ಕೆ. ಹೆಚ್ಚಿನವರಿಗೆ ಅದು ಒಗ್ಗುತ್ತದೆ. ಒಗ್ಗದ ಕೆಲವರಿಗೆ ಅಮೈನೋ ಆಮ್ಲದ ಪುಡಿ ಬೇಕಾಗುತ್ತದೆ. ಎರಡೂ ದುಬಾರಿ, ರುಚಿಯೂ ಕಹಿ. ಆದ್ದರಿಂದ ತಜ್ಞರು ಬರೆದುಕೊಟ್ಟ ಮೇಲೆಯೇ ಕೊಳ್ಳಿ. 'ಭಾಗಶಃ ಒಡೆದ' ಪುಡಿ ಚಿಕಿತ್ಸೆಗೆ ಸಾಲದು. ಆರು ತಿಂಗಳೊಳಗೆ ಸೋಯಾ ಪುಡಿಯನ್ನು ಸಾಮಾನ್ಯವಾಗಿ ಸಲಹೆ ಮಾಡುವುದಿಲ್ಲ.

10. ಮೊದಲ ಅನ್ನದ ದಿನ ವಾಂತಿಯ ಮೇಲೆ ಕಣ್ಣಿರಲಿ

ಆರು ತಿಂಗಳು ತುಂಬಿದ ಮೇಲೆ ಮೇಲೂಟ ಶುರುಮಾಡಿ, ಅಲರ್ಜಿಯ ಹೆದರಿಕೆಯಿಂದ ತಡಮಾಡಬೇಡಿ. ಹೊಸದನ್ನು ಒಂದೊಂದಾಗಿ ಕೊಡಿ. ಇದೇ ಕುಟುಂಬದ ಇನ್ನೊಂದು ಕಾಯಿಲೆ ಎಫ್‌ಪೈಸ್. ಅದು ಅಪರೂಪ, ಆದರೆ ಜೋರು. ಹಾಲು, ಸೋಯಾ, ಓಟ್ಸ್ ಮಾತ್ರವಲ್ಲ, ಅಕ್ಕಿಯ ಗಂಜಿಯೂ ಅದನ್ನು ಕೆರಳಿಸಬಲ್ಲದು. ತಿಂದ ಒಂದರಿಂದ ನಾಲ್ಕು ಗಂಟೆಯೊಳಗೆ ಮೇಲಿಂದ ಮೇಲೆ ವಾಂತಿಯಾಗಿ ಕೂಸು ಬಿಳಿಚಿಕೊಂಡು ಜೋಲುತ್ತದೆ. ಮೈಮೇಲೆ ದದ್ದು ಇರುವುದಿಲ್ಲವಾದ್ದರಿಂದ ಅಲರ್ಜಿ ಎಂದು ಯಾರಿಗೂ ಹೊಳೆಯುವುದಿಲ್ಲ, ಹೊಟ್ಟೆ ಕೆಟ್ಟಿದೆ ಎಂದು ಸುಮ್ಮನಾಗುತ್ತಾರೆ. ಹೀಗಾದರೆ ನೇರ ಆಸ್ಪತ್ರೆಗೆ ಹೋಗಿ, ರಕ್ತನಾಳದ ಮೂಲಕ ದ್ರವ ಕೊಡಬೇಕಾಗಬಹುದು. ಆ ಆಹಾರವನ್ನು ಮನೆಯಲ್ಲಿ ಮತ್ತೆ ಪರೀಕ್ಷಿಸುವಂತಿಲ್ಲ.

11. ವರ್ಷದ ಹೊತ್ತಿಗೆ ಹಾಲನ್ನು ಮರಳಿ ಕರೆಯಿರಿ

ಪಥ್ಯ ಜೀವನಪೂರ್ತಿಯದಲ್ಲ. ಖಚಿತವಾದ ಅಲರ್ಜಿಯಲ್ಲಿ ಸುಮಾರು ಆರು ತಿಂಗಳ ಪಥ್ಯದ ನಂತರ, ಕೂಸಿಗೆ 9ರಿಂದ 12 ತಿಂಗಳಾದಾಗ ಡಾಕ್ಟರು ಹಾಲನ್ನು ಮತ್ತೆ ಪರಿಚಯಿಸಲು ಹೇಳುತ್ತಾರೆ. ಚೆನ್ನಾಗಿ ಬೇಯಿಸಿದ್ದರಿಂದ ಆರಂಭಿಸುವುದು ಒಂದು ಕ್ರಮ: ಮೊದಲು ಹಾಲು ಸೇರಿಸಿದ ಬಿಸ್ಕತ್ತಿನ ಚೂರು, ಆಮೇಲೆ ಮೊಸರು, ಕೊನೆಗೆ ಕಾಯಿಸಿದ ಹಾಲು. ರಕ್ತ ಮರಳಿದರೆ ಸೋತಂತಲ್ಲ, ಕೆಲವು ತಿಂಗಳು ಬಿಟ್ಟು ಮತ್ತೆ ನೋಡಿದರಾಯಿತು. ಹಾಲು ತಗುಲಿದೊಡನೆ ದದ್ದು, ಮುಖದ ಊತ, ಉಸಿರಿನ ಕಷ್ಟ ಎಂದಾದರೂ ಕಂಡಿದ್ದರೆ ಈ ಪ್ರಯೋಗ ಆಸ್ಪತ್ರೆಯಲ್ಲೇ ಆಗಬೇಕು. ಲಸಿಕೆಗಳನ್ನು ಮಾತ್ರ ಈ ಕಾರಣಕ್ಕೆ ಮುಂದೂಡಬೇಡಿ.

ಇಷ್ಟೆಲ್ಲದರ ಫಲವನ್ನು ಅಳೆಯಲು ಎರಡೇ ಪ್ರಶ್ನೆ ಸಾಕು. ತಾಯಿ ಕಾರ್ಡಿನಲ್ಲಿ ಕೂಸಿನ ತೂಕದ ಗೆರೆ ಏರುತ್ತಿದೆಯೇ? ತಾಯಿ ಹೊಟ್ಟೆ ತುಂಬ ಉಣ್ಣುತ್ತಿದ್ದಾಳೆಯೇ? ಎರಡಕ್ಕೂ ಹೌದು ಎಂದಾದರೆ ನೀವು ಗೆಲ್ಲುತ್ತಿದ್ದೀರಿ. ಒಂದಕ್ಕೆ ಇಲ್ಲ ಎಂದಾದರೂ ಮುಂದಿನ ಅಪಾಯಿಂಟ್‌ಮೆಂಟಿನವರೆಗೆ ಕಾಯದೆ ಡಾಕ್ಟರನ್ನು ಕಾಣಿ.